ಹಿಮ್ಮೇಳದವನಿಗೊಂದು ಶಾಲು

ಶಿರಸಿ, ಸಿದ್ದಾಪುರ ಕಡೆಯ ಯಾವುದಾದರೂ ಯಕ್ಷಗಾನದ ಕರಪತ್ರ ತೆಗೆದು ನೋಡಿ. ಮೇಲೆ ಹಿಮ್ಮೇಳ: ಭಾಗವತರು, ಮದ್ದಳೆ, ಚಂಡೆ. ಕೌರವ, ಭೀಮ ಎಲ್ಲ ಅದರ ಕೆಳಗೆ. ಭಾಗವತನೇ ಮೊದಲ ವೇಷ ಎನ್ನುವ ಸೀಮೆಯಿದು. ಇಲ್ಲಿಯ ಹುಡುಗ ಬೆಂಗಳೂರಿಗೆ ಹೋಗಿ ಧಾರಾವಾಹಿಗೆ ಹಿನ್ನೆಲೆ ಸಂಗೀತ ಕೊಟ್ಟನೋ, ಅವನ ಹೆಸರು ಟೀವಿಯ ಮೂಲೆಗೆ ಕುಗ್ಗಿ, ಮುಂದಿನ ಕಾರ್ಯಕ್ರಮದ ಪ್ರೋಮೋ ಪಕ್ಕದಲ್ಲಿ ಸರ್ರನೆ ಮೇಲೇರಿ ಮಾಯ.

ದಿನದ ಧಾರಾವಾಹಿಯಲ್ಲಿ ಕಂತು ನೋಡಿ ಸಂಗೀತ ಕೂರಿಸಲು ಪುರುಸೊತ್ತಿಲ್ಲ. ಶುರುವಿಗೇ ಒಂದು ದಾಸ್ತಾನು ಮಾಡಿಕೊಡಬೇಕು: ಅತ್ತೆಯ ಸಿಟ್ಟು, ಸೊಸೆಯ ಅಳು, ಸಂಶಯ, ಗುಟ್ಟು, ಹಬ್ಬ. ಒಂದೊಂದರಲ್ಲೂ ತಾಳಕ್ಕೊಂದು ಟ್ರ್ಯಾಕ್, ತಂತಿವಾದ್ಯಕ್ಕೊಂದು, ರಾಗದ ಎಳೆಗೊಂದು. ಮಾತಿನ ಸ್ಪಷ್ಟತೆ ಇರುವುದು ಹೆಚ್ಚುಕಮ್ಮಿ 1ರಿಂದ 4 ಕಿಲೋಹರ್ಟ್ಸ್ ನಡುವೆ. ಪಿಟೀಲೂ ಅಲ್ಲೇ ಕಿರುಚಿದರೆ ಮಾತು ಮುಳುಗುತ್ತದೆ. ಮಾತು ಬಂದಾಗ ಆ ಎಳೆ ತೆಗೆದು, ತಗ್ಗಿನ ಚೆಲ್ಲೋ ಮಾತ್ರ ಉಳಿಸಲಿ ಎಂಬ ಉಪಾಯ. ಎಡಿಟಿಂಗ್ ಕೋಣೆಗೆ ಇದೆಲ್ಲ ರಗಳೆ. ಎಲ್ಲ ಟ್ರ್ಯಾಕ್ ಒಟ್ಟಿಗೆ ಸುರಿದು, ಅತ್ತೆ ಒಮ್ಮೆ ತಿರುಗಿದ್ದಕ್ಕೆ ಮೂರು ಸಲ 'ಧಡಾಂ'. ಅತ್ತೆ ಬಾಯಿ ಆಡಿಸಿದ್ದು ಕಂಡಿತು, ಬೈದದ್ದು ಏನೆಂದು ಸೊಸೆಗೂ ಕೇಳಲಿಲ್ಲ.

ಕಾರವಾರದ ಕಡಲೋ ಶಿರಸಿಯ ತೋಟವೋ ತೆರೆಗೆ ಬಂತೆಂದರೆ 'ಚಂಡೆ ಹಾಕಿ' ಎಂಬ ಅಪ್ಪಣೆ ಖಾತ್ರಿ. ಇಲ್ಲಿಯ ಯಕ್ಷಗಾನದ ಬಡಗು ಶೈಲಿಯ ಚಂಡೆ ಕೂತು ಬಾರಿಸುವಂಥದ್ದು, ಚುರುಕು ದನಿ. ಸ್ಯಾಂಪಲ್, ಅಂದರೆ ಮೊದಲೇ ಮುದ್ರಿಸಿಟ್ಟ ದನಿಯ ತುಣುಕು, ಹುಡುಕಿದರೆ ಸುಲಭಕ್ಕೆ ಸಿಗುವುದು ಹೆಗಲಿಗೆ ನೇತುಹಾಕುವ ಕೇರಳದ ಚೆಂಡೆ. ಹಾಗಾಗಿ ಶಿರಸಿಯ ಅಡಕೆ ಕೊಯ್ಲಿಗೆ ಕೇರಳದ ತ್ರಿಶೂರು ಪೂರಂ ಉತ್ಸವದ ವಾದ್ಯ. ಇನ್ನು 44.1 ಕಿಲೋಹರ್ಟ್ಸ್ ಸ್ಯಾಂಪಲ್ ದರದಲ್ಲಿ (ಸೆಕೆಂಡಿಗೆ ದನಿಯನ್ನು ಎಷ್ಟು ಸಲ ಅಳೆದದ್ದು ಎಂಬ ಲೆಕ್ಕ) ಮುದ್ರಿಸಿದ ಫೈಲನ್ನು 48ರದ್ದೆಂದು ಓಡಿಸಿದರೆ ವೇಗ ನೂರಕ್ಕೆ 9ರಷ್ಟು ಏರುತ್ತದೆ, ಶ್ರುತಿ ಸುಮಾರು ಒಂದೂವರೆ ಸ್ವರಸ್ಥಾನ ಮೇಲೆ ಹೋಗುತ್ತದೆ. ಹೆಣದ ಮುಂದೆ ಕೂತವರಿಗೂ ದಿಬ್ಬಣದ ಅವಸರ.

ಕರಾರುಪತ್ರದ ತಮಾಷೆ ಇದಕ್ಕಿಂತ ಮೇಲು. 'ಸಮಸ್ತ ಬ್ರಹ್ಮಾಂಡದಲ್ಲಿ, ಶಾಶ್ವತವಾಗಿ' ಎಲ್ಲ ಹಕ್ಕೂ ನಿರ್ಮಾಪಕರದ್ದು. (ಮಂಗಳ ಗ್ರಹದಲ್ಲಿ ಮರುಪ್ರಸಾರವಾದರೆ ಕಷ್ಟವಲ್ಲವೇ.) 2012ರ ಕೃತಿಸ್ವಾಮ್ಯ ತಿದ್ದುಪಡಿಯ ಪ್ರಕಾರ, ಸಿನಿಮಾಕ್ಕೆ ಮಾಡಿದ ಸಂಗೀತ ಚಿತ್ರಮಂದಿರದಾಚೆ ಬಳಕೆಯಾದರೆ ರಾಯಲ್ಟಿಯ ಸಮಪಾಲನ್ನು ಸಂಗೀತಗಾರ ಬಿಟ್ಟುಕೊಡುತ್ತೇನೆಂದರೂ ಬಿಟ್ಟುಕೊಡುವಂತಿಲ್ಲ. ರಾಯಲ್ಟಿ ಕೇಳಬೇಕಾದರೆ ಕ್ಯೂ ಶೀಟ್ ಬೇಕು: ಯಾವ ತುಣುಕು, ಎಷ್ಟು ಸೆಕೆಂಡು, ಯಾರದ್ದು. 'ಅತ್ತೆಯ ಸಿಟ್ಟು' ಒಂದೇ ಕಂತಿನಲ್ಲಿ 14 ಸಲ ಬಿದ್ದಿರಲಿ. ಕ್ಯೂ ಶೀಟಿನಲ್ಲಿ ಅತ್ತೆಯೂ ಇಲ್ಲ, ಸಿಟ್ಟೂ ಇಲ್ಲ.

ಊರಿನವರು ಮಾತ್ರ ಕೈಬಿಡುವುದಿಲ್ಲ. ಆಟದ ನಡುವೆ ವೇದಿಕೆಗೆ ಕರೆದು ಶಾಲು ಹೊದೆಸುತ್ತಾರೆ.

"ಯಾವ ಹಾಡು ನಿಂದು, ತಮಾ?"

"ಹಾಡಲ್ಲ, ಹಿನ್ನೆಲೆ ಸಂಗೀತ."

"ಅದನ್ನ ಈಗ ಕಂಪ್ಯೂಟರೇ ಮಾಡ್ತಡ! ಇರ್ಲಿ, ಒಂದು ಹಾಡು ಹೇಳು."

ಕರಪತ್ರದಲ್ಲಿ ಚಂಡೆಯವರ ಹೆಸರು ಇನಿಶಿಯಲ್ ಸಮೇತ ಸರಿಯಾಗಿದೆ. ಇವನದು ತೀರಾ ಕೆಳಗೆ, ಸನ್ಮಾನಿತರ ಸಾಲಿನಲ್ಲಿ: 'ಖ್ಯಾತ ಧಾರಾವಾಹಿ ಗಾಯಕ'.