ದುಡ್ಡು ಹಾಕುವುದಷ್ಟೇ ನಿರ್ಮಾಪಕರ ಕೆಲಸವಲ್ಲ: ಎರಿಕ್ ಪೊಮರ್ ಬಗ್ಗೆ

ಒಳ್ಳೆಯ ಸಿನಿಮಾ ನೋಡಿದ ಮೇಲೆ ನಿರ್ದೇಶಕರನ್ನು ಹೊಗಳುತ್ತೇವೆ, ನಟರನ್ನು ಹೊಗಳುತ್ತೇವೆ, ಕ್ಯಾಮೆರಾ ಚೆನ್ನಾಗಿತ್ತು ಅಂತಲೂ ಹೇಳುತ್ತೇವೆ. ನಿರ್ಮಾಪಕರ ಮಾತು ಬಂದರೆ ಮಾತ್ರ ‘ಪಾಪ, ದುಡ್ಡು ಹಾಕಿದ್ದಾರೆ’ ಅಂತ ಮುಗಿಸಿಬಿಡುತ್ತೇವೆ. ಇದು ದೊಡ್ಡ ಅನ್ಯಾಯ ಅಂತ ನನ್ನ ಅನಿಸಿಕೆ. ಜರ್ಮನಿಯ ಎರಿಕ್ ಪೊಮರ್ ಏನೇನು ಮಾಡಿದರು ಅಂತ ತಿಳಿದವರು ಯಾರೂ ಹಾಗೆ ಮಾತಾಡಲಾರರು.

ಪೊಮರ್ ಹುಟ್ಟಿದ್ದು 1889ರಲ್ಲಿ, ಹಿಲ್ಡೆಸ್‌ಹೈಮ್ ಎಂಬ ಊರಿನ ಯಹೂದಿ ಮನೆಯಲ್ಲಿ. ಕೆಲಸ ಕಲಿತದ್ದು ಫ್ರೆಂಚ್ ಕಂಪನಿಗಳಲ್ಲಿ. ಮೊದಲು ಗೋಮಾಂಟ್, ಆಮೇಲೆ ಎಕ್ಲೇರ್. ಮೊದಲ ಮಹಾಯುದ್ಧ ಶುರುವಾದಾಗ ಫ್ರೆಂಚ್ ಕಂಪನಿ ಜರ್ಮನಿಯಲ್ಲಿ ನಡೆಯುವ ಹಾಗಿರಲಿಲ್ಲ. 1915ರಲ್ಲಿ ಡೆಕ್ಲಾ ಎಂಬ ಸ್ವಂತ ಕಂಪನಿ ಕಟ್ಟಿದರು. ಅದೇ ಯುದ್ಧದಲ್ಲಿ ಜರ್ಮನಿಯ ಸೈನಿಕರಾಗಿ ಹೋರಾಡಿ ಗಾಯಗೊಂಡವರೂ ಹೌದು. ಈ ಮಾತು ಮುಂದೆ ಬೇಕಾಗುತ್ತದೆ.

1920ರಲ್ಲಿ ಡೆಕ್ಲಾದಿಂದ ಬಂದದ್ದು ‘ದಿ ಕ್ಯಾಬಿನೆಟ್ ಆಫ್ ಡಾಕ್ಟರ್ ಕ್ಯಾಲಿಗರಿ’. ಸೊಟ್ಟ ಗೋಡೆಗಳು, ಓರೆ ಕಿಟಕಿಗಳು, ಬಟ್ಟೆಯ ಮೇಲೆ ಬಣ್ಣದಲ್ಲಿ ಬರೆದ ನೆರಳುಗಳು. ಬರೆದಿದ್ದ ಕಾರ್ಲ್ ಮಾಯರ್ ಮತ್ತು ಹಾನ್ಸ್ ಯಾನೊವಿಟ್ಸ್ ಇಬ್ಬರೂ ಆಗ ಹೊಸಬರು. ಯುದ್ಧ ಸೋತು ಸುಸ್ತಾಗಿದ್ದ ದೇಶದಲ್ಲಿ ಅಂಥ ಸ್ಕ್ರಿಪ್ಟ್ ಓದಿ ‘ಮಾಡೋಣ’ ಅನ್ನಲು ಧೈರ್ಯ ಬೇಕು.

ಸ್ವಲ್ಪ ಸಮಯದಲ್ಲೇ ಡೆಕ್ಲಾ ಬೆಳೆದು ಊಫಾ ಎಂಬ ದೊಡ್ಡ ಸಂಸ್ಥೆಯೊಳಗೆ ಸೇರಿತು. 1923ರಲ್ಲಿ ಅಲ್ಲಿನ ಚಿತ್ರ ನಿರ್ಮಾಣವೆಲ್ಲ ಪೊಮರ್ ಕೈಗೆ ಬಂತು. ಅವರ ಕೆಲಸದ ಬಗೆಯೇ ನನಗೆ ಜಾಸ್ತಿ ಇಷ್ಟ. ಬರಹಗಾರ, ನಿರ್ದೇಶಕ, ಕ್ಯಾಮೆರಾಮನ್, ಸೆಟ್ ಮಾಡುವವರು ಶೂಟಿಂಗ್‌ಗೆ ಮುಂಚೆಯೇ ಒಟ್ಟಿಗೆ ಕೂತು ಸಿನಿಮಾ ಯೋಚಿಸಬೇಕು. ಒಂದು ತಂಡ ಚೆನ್ನಾಗಿ ಕೂಡಿಬಂದರೆ ಅದನ್ನು ಒಡೆಯಬಾರದು.

‘ದಿ ಲಾಸ್ಟ್ ಲಾಫ್’ ಹುಟ್ಟಿದ್ದು ಹೀಗೇ, 1924ರಲ್ಲಿ. ದೊಡ್ಡ ಹೋಟೆಲಿನ ಬಾಗಿಲು ಕಾಯುವ ವಯಸ್ಸಾದವನೊಬ್ಬ. ಅವನ ಮರ್ಯಾದೆಯೆಲ್ಲ ಅವನ ಯೂನಿಫಾರ್ಮ್‌ನಲ್ಲೇ ಇದೆ. ಒಂದು ದಿನ ಅದನ್ನು ಕಿತ್ತುಕೊಂಡು ಶೌಚಾಲಯದ ಕೆಲಸಕ್ಕೆ ಹಾಕುತ್ತಾರೆ. ಇಷ್ಟೇ ಕಥೆ. ಬರೆದವರು ಅದೇ ಕಾರ್ಲ್ ಮಾಯರ್, ನಿರ್ದೇಶಕ ಮುರ್ನೌ, ನಟ ಎಮಿಲ್ ಯಾನಿಂಗ್ಸ್. ಮೂಕಿ ಸಿನಿಮಾ, ಆದರೂ ತೆರೆಯ ಮೇಲೆ ಮಾತಿನ ಅಕ್ಷರಗಳು ಇಲ್ಲವೇ ಇಲ್ಲ ಅನ್ನಬಹುದು. ಎಲ್ಲವನ್ನೂ ಕ್ಯಾಮೆರಾ ಹೇಳುತ್ತದೆ. ಮೊದಲ ದೃಶ್ಯದಲ್ಲೇ ಅದು ಲಿಫ್ಟ್‌ನಲ್ಲಿ ಇಳಿದು, ಸೈಕಲ್ ಏರಿ ಹೋಟೆಲಿನ ಹಜಾರ ದಾಟುತ್ತದೆ. ಮುದುಕ ಕುಡಿದು ತೂರಾಡುವಾಗ ಕ್ಯಾಮೆರಾಮನ್ ಕಾರ್ಲ್ ಫ್ರಾಯಿಂಡ್ ಅದನ್ನು ತನ್ನ ಎದೆಗೇ ಕಟ್ಟಿಕೊಂಡು ತಾನೂ ತೂರಾಡಿದರು. ಇಂಥ ಪ್ರಯೋಗಕ್ಕೆ ದಿನಗಳು ಹೋಗುತ್ತವೆ, ಫಿಲ್ಮ್ ಹಾಳಾಗುತ್ತದೆ, ಮೇಲಿನವರು ಲೆಕ್ಕ ಕೇಳುತ್ತಾರೆ. ಆಗ ಅಡ್ಡ ನಿಂತು ಕಲಾವಿದರಿಗೆ ಸಮಯ ಕೊಡಿಸುವವರೇ ನಿರ್ಮಾಪಕರು. ಆ ಸಿನಿಮಾದಲ್ಲಿ ಪೊಮರ್ ಪಾಲು ಮುರ್ನೌ ಪಾಲಿಗಿಂತ ಕಡಿಮೆ ಅಂತ ನಾನು ಒಪ್ಪುವುದಿಲ್ಲ.

ಫ್ರಿಟ್ಸ್ ಲಾಂಗ್ ನಿರ್ದೇಶಿಸಿದ ‘ಮೆಟ್ರೊಪೊಲಿಸ್’ ವಿಷಯದಲ್ಲಿ ಮಾತ್ರ ನಾನು ಅವರ ಪರ ವಾದ ಮಾಡಲಾರೆ. ಸುಮಾರು 15 ಲಕ್ಷ ಮಾರ್ಕ್‌ನಲ್ಲಿ ಮುಗಿಯಬೇಕಿದ್ದ ಸಿನಿಮಾ 50 ಲಕ್ಷ ದಾಟಿತು. ಶೂಟಿಂಗ್ 1925ರ ಮೇನಿಂದ 1926ರ ಅಕ್ಟೋಬರ್ ತನಕ ನಡೆಯಿತು. ಅಷ್ಟರಲ್ಲಿ ಊಫಾ ಸಾಲಕ್ಕಾಗಿ ಅಮೆರಿಕದ ಪ್ಯಾರಾಮೌಂಟ್ ಮತ್ತು ಎಂಜಿಎಂ ಮುಂದೆ ಕೈಚಾಚಿತ್ತು. 1926ರ ಶುರುವಿನಲ್ಲೇ ಪೊಮರ್ ಊಫಾ ಬಿಟ್ಟು ಹಾಲಿವುಡ್‌ಗೆ ಹೊರಟರು. ಲಾಂಗ್ ಎಷ್ಟೇ ದೊಡ್ಡ ನಿರ್ದೇಶಕರಾದರೂ ‘ಇಲ್ಲಿಗೆ ಸಾಕು’ ಅಂತ ಹೇಳಬೇಕಾದವರು ನಿರ್ಮಾಪಕರೇ ಅಲ್ವಾ? ಪೊಮರ್ ಹೇಳಲಿಲ್ಲ. ಮುರ್ನೌಗೆ ಕೊಟ್ಟ ಸ್ವಾತಂತ್ರ್ಯವನ್ನೇ ಲಾಂಗ್‌ಗೂ ಕೊಟ್ಟರು, ಈ ಸಲ ಸಂಸ್ಥೆಯೇ ಅಲ್ಲಾಡಿತು. 1927ರಲ್ಲಿ ಊಫಾ ಬಲಪಂಥೀಯ ಪತ್ರಿಕೋದ್ಯಮಿ ಹುಗೆನ್‌ಬರ್ಗ್ ಕೈಗೆ ಹೋಯಿತು. ಅದಕ್ಕೆ ಈ ಒಂದೇ ಸಿನಿಮಾ ಕಾರಣ ಅನ್ನುವುದು ಸರಿಯಲ್ಲ, ಆದರೆ ಅದರ ಪಾಲೂ ಇದೆ.

ಅಮೆರಿಕದಿಂದ ವಾಪಸ್ ಬಂದ ಮೇಲೆ ಊಫಾದಲ್ಲೇ ತಮ್ಮದೊಂದು ತಂಡ ಕಟ್ಟಿದರು. ಟಾಕಿ ಬಂತು. 1930ರ ‘ದಿ ಬ್ಲೂ ಏಂಜೆಲ್’ ಮಾರ್ಲೀನ್ ಡೀಟ್ರಿಚ್‌ರನ್ನು ಜಗತ್ತಿಗೆ ತೋರಿಸಿತು. ಆಗ ಡಬ್ಬಿಂಗ್ ಇನ್ನೂ ಪಳಗಿರಲಿಲ್ಲ. ಹಾಗಾಗಿ ಅದನ್ನು ಜರ್ಮನ್‌ನಲ್ಲೂ ಇಂಗ್ಲಿಷ್‌ನಲ್ಲೂ ಬೇರೆ ಬೇರೆಯಾಗಿ ಶೂಟ್ ಮಾಡಿದರು. ಮರುವರ್ಷದ ‘ಡೆರ್ ಕಾಂಗ್ರೆಸ್ ಟಾನ್ಸ್ಟ್’ ಮೂರು ಭಾಷೆಗಳಲ್ಲಿ ಬಂತು. ಹಿಮಾಂಶು ರಾಯ್ ಮತ್ತು ದೇವಿಕಾರಾಣಿ ಸಿನಿಮಾ ಕೆಲಸ ಕಲಿತದ್ದೂ ಅದೇ ಕಾಲದ ಊಫಾದಲ್ಲಿ. 1934ರಲ್ಲಿ ಅವರು ಬಾಂಬೆ ಟಾಕೀಸ್ ಎಂಬ ಸಿನಿಮಾ ಕಂಪನಿ ಕಟ್ಟಿದಾಗ ಜರ್ಮನ್ ತಂತ್ರಜ್ಞರನ್ನೂ ಕರೆಸಿದ್ದರು. ಬೆಂಗಳೂರಿನ ಕನಕಪುರ ರಸ್ತೆಯ ತಾತಗುಣಿ ತೋಟದ ಮುಂದೆ ಹಾದುಹೋಗುವವರಲ್ಲಿ ಎಷ್ಟು ಜನಕ್ಕೆ ಗೊತ್ತೋ, ಅಲ್ಲಿ ಬಾಳಿದ ದೇವಿಕಾರಾಣಿಯವರ ಪಾಠಶಾಲೆ ಬರ್ಲಿನ್‌ನಲ್ಲಿತ್ತು.

1933ರ ಮಾರ್ಚ್ 29ರಂದು ಊಫಾದ ಆಡಳಿತ ಮಂಡಳಿ ಸಭೆ ಸೇರಿ ಯಹೂದಿ ನೌಕರರನ್ನು ತೆಗೆಯಲು ತೀರ್ಮಾನಿಸಿತು. ಸಂಸ್ಥೆಗೆ ಹೆಸರು ತಂದ, ದೇಶಕ್ಕಾಗಿ ಗಾಯಗೊಂಡ ಪೊಮರ್ ಹೊರಗೆ ಬಿದ್ದರು. ಹಿಟ್ಲರ್ ಅಧಿಕಾರಕ್ಕೆ ಬಂದು ಆಗ ಎರಡೇ ತಿಂಗಳು. ಇದನ್ನು ಓದಿದಾಗಲೆಲ್ಲ ನನಗೆ ಸಿಟ್ಟು ಬರುತ್ತದೆ. ಅವರ ದುಡಿಮೆ ಬೇಕಿತ್ತು, ಅವರು ಬೇಕಿರಲಿಲ್ಲ.

ಆಮೇಲೆ ಪ್ಯಾರಿಸ್, ಹಾಲಿವುಡ್, ಲಂಡನ್. ಲಂಡನ್‌ನಲ್ಲಿ ನಟ ಚಾರ್ಲ್ಸ್ ಲಾಟನ್ ಜೊತೆ ಸೇರಿ ಮೇಫ್ಲವರ್ ಪಿಕ್ಚರ್ಸ್ ನಡೆಸಿದರು, ಹಿಚ್‌ಕಾಕ್‌ರ ‘ಜಮೈಕಾ ಇನ್’ ಮಾಡಿದರು. ಮತ್ತೆ ಅಮೆರಿಕಕ್ಕೆ ಬಂದು ಆರ್‌ಕೆಓ ಎಂಬ ಹಾಲಿವುಡ್ ಸ್ಟುಡಿಯೊ ಸೇರಿದರು. 1941ರಲ್ಲಿ ಹೃದಯಾಘಾತವಾಯಿತು, ಕೆಲಸವೂ ಕೈತಪ್ಪಿತು.

ಇಷ್ಟಾದ ಮೇಲೂ 1946ರಲ್ಲಿ ಅವರು ಜರ್ಮನಿಗೆ ವಾಪಸ್ ಹೋದರು, ಅಮೆರಿಕದ ಸೇನಾ ಆಡಳಿತದ ಸಿನಿಮಾ ಅಧಿಕಾರಿಯಾಗಿ. ಸ್ಟುಡಿಯೊಗಳನ್ನು ಮತ್ತೆ ತೆರೆಸುವುದು, ಸಿನಿಮಾ ಮಾಡಲು ಯಾರಿಗೆ ಪರವಾನಗಿ ಕೊಡಬೇಕು ಅಂತ ನೋಡುವುದು ಅವರ ಪಾಲಿನ ಕೆಲಸ. ಊಫಾ ಕಾಲದ ಅವರ ಹಳೆಯ ಬಾಬೆಲ್ಸ್‌ಬರ್ಗ್ ಸ್ಟುಡಿಯೊ ಸೋವಿಯತ್ ಸೇನೆಯ ವಶದಲ್ಲಿದ್ದ ವಲಯದಲ್ಲಿತ್ತು, ಅವರ ಕೈಗೆ ಸಿಗುವ ಹಾಗಿರಲಿಲ್ಲ. ಜರ್ಮನ್ ಮಾರುಕಟ್ಟೆ ತಮಗೇ ಸಿಗಲಿ ಅಂತ ಕಾದಿದ್ದ ಹಾಲಿವುಡ್ ಕಂಪನಿಗಳಿಗೆ, ಅಲ್ಲಿನ ಚಿತ್ರೋದ್ಯಮವನ್ನು ಎಬ್ಬಿಸಿ ನಿಲ್ಲಿಸುವ ಇವರ ಕೆಲಸ ಹಿಡಿಸಲಿಲ್ಲ. ಜರ್ಮನ್ನರ ಕಣ್ಣಿಗೆ ಅವರು ಅಮೆರಿಕದ ಅಧಿಕಾರಿ. ಎರಡೂ ಕಡೆಯ ಮುನಿಸು ಹೊತ್ತು 1949ರ ತನಕ ದುಡಿದರು. ಆ ಮೂರು ವರ್ಷ ಅವರು ಒಂದು ಸಿನಿಮಾವನ್ನೂ ನಿರ್ಮಿಸಲಿಲ್ಲ, ಆದರೂ ಅವರ ಬದುಕಿನ ದೊಡ್ಡ ಕೆಲಸ ಅದೇ ಅಂತ ನಾನು ನಂಬುತ್ತೇನೆ. ತನ್ನನ್ನು ಓಡಿಸಿದ ಊರಿನಲ್ಲಿ ಬೇರೆಯವರಿಗೆ ಕೆಲಸ ಸಿಗಲಿ ಅಂತ ದುಡಿಯುವ ಮನಸ್ಸು ಎಷ್ಟು ಜನಕ್ಕೆ ಬಂದೀತು?

ಆಮೇಲೆ ಜರ್ಮನಿಯಲ್ಲೇ ಕೆಲವು ಸಿನಿಮಾ ಮಾಡಿದರು. ‘ಕಿಂಡರ್, ಮ್ಯೂಟರ್ ಉಂಡ್ ಐನ್ ಗೆನೆರಾಲ್’ ಅವುಗಳಲ್ಲೊಂದು. ಯುದ್ಧದ ಕೊನೆಯಲ್ಲಿ ಸೈನ್ಯ ಸೇರಿದ ಶಾಲಾ ಹುಡುಗರನ್ನು ವಾಪಸ್ ಕರೆತರಲು ತಾಯಂದಿರೇ ರಣರಂಗಕ್ಕೆ ಹೊರಡುವ ಕಥೆ ಅದು. 1966ರಲ್ಲಿ ಪೊಮರ್ ಲಾಸ್ ಏಂಜಲೀಸ್‌ನಲ್ಲಿ ತೀರಿಕೊಂಡರು.

ಇವರ ಸಿನಿಮಾ ಯಾವುದನ್ನೂ ನೋಡಿಲ್ಲ ಅನ್ನುವವರು ‘ದಿ ಲಾಸ್ಟ್ ಲಾಫ್’ನಿಂದ ಶುರು ಮಾಡಿ. ಮೂಕಿ ಅಂತ ಹಿಂಜರಿಯಬೇಡಿ. ನೋಡಿ ಹೇಗನಿಸಿತು ಅಂತ ಇಲ್ಲಿ ಬರೆಯಿರಿ.