ಬೈಲಕುಪ್ಪೆಲಿ ಜಾಗ ಕೊಟ್ವಿ, ಇಲ್ಲಿ ಕಾಗದ ಕೊಟ್ರು

ಮೊದಲೇ ಒಂದು ಒಪ್ಕೊಂಡುಬಿಡ್ತೀನಿ. ನಮ್ಮ ಎದುರು ಮನೇಲಿರೋ ಭೂತಾನಿನ ಅಜ್ಜ, ನಮ್ಮ ಬಾಜೆಗೆ ಅಮೆರಿಕನ್ ಸಿಟಿಜನ್‌ಶಿಪ್ ಬಂದ ದಿನ ಸೆಲ್ ರೋಟಿ (ಅಕ್ಕಿ ಹಿಟ್ಟಿನ ಬಳೆ ಥರದ ನೇಪಾಳಿ ತಿಂಡಿ) ಮಾಡಿಸಿ ತಂದುಕೊಟ್ರು, ನಾನು ತಿಂದೆ, ಕಂಗ್ರಾಟ್ಸ್ ಅಂದೆ, ಆದ್ರೆ ಒಳಗೊಳಗೇ ಹೊಟ್ಟೆ ಉರೀತು. ನಾನು 2009ರಲ್ಲಿ ಎಚ್1ಬಿ ಕೆಲಸದ ವೀಸಾ ಮೇಲೆ ಬಂದೋನು, ಅವರು 2010ರಲ್ಲಿ ರೆಫ್ಯೂಜಿಯಾಗಿ ಬಂದೋರು, 2017ಕ್ಕೆ ಅವರು ಸಿಟಿಜನ್. ನಾನು ಇವತ್ತಿಗೂ ಗ್ರೀನ್ ಕಾರ್ಡ್ ಸರದಿ ಎಲ್ಲಿಗೆ ಬಂತು ಅಂತ ತಿಂಗಳು ತಿಂಗಳು ವೀಸಾ ಬುಲೆಟಿನ್ ನೋಡ್ಕೊಂಡು ಕೂತಿದೀನಿ. ಇಲ್ಲಿ ಓಹಾಯೋದ ಕೊಲಂಬಸ್‌ನಲ್ಲಿ ನಮ್ಮ ಕನ್ನಡದೋರು ನಾಲ್ಕು ಜನ ಸೇರಿದ್ರೂ ಇದೇ ಮಾತು, ನಾವು ಟ್ಯಾಕ್ಸ್ ಕಟ್ಕೊಂಡು ಕಾಯ್ಬೇಕು, ಅವರಿಗೆ ಬಂದ ತಕ್ಷಣ ಎಲ್ಲಾ ಸಿಗುತ್ತೆ ಅಂತ. ಆ "ಎಲ್ಲಾ" ಅಂದ್ರೆ ಏನು ಅಂತ ಎದುರು ಮನೇಲೇ ಇಷ್ಟು ವರ್ಷ ನೋಡಿದೀನಿ, ಅದಕ್ಕೇ ಬರೀತಿರೋದು.

ಬಾಜೆ ಅಂದ್ರೆ ನೇಪಾಳಿಲಿ ಅಜ್ಜ. ಇವರ ಊರು ದಕ್ಷಿಣ ಭೂತಾನಿನ ಚಿರಾಂಗ್. ಕಿತ್ತಳೆ ತೋಟ, ಏಲಕ್ಕಿ, ಕೊಟ್ಟಿಗೆ ತುಂಬ ದನ, ಅವರು ಹೇಳೋದು ಕೇಳ್ತಿದ್ರೆ ಕೊಡಗಿನ ಕಥೆನೇ ಅನ್ಸುತ್ತೆ. ಮನೆಮಾತು ನೇಪಾಳಿ, ಅದೇ ಕುತ್ತಿಗೆಗೆ ಬಂತು. 1985ರಲ್ಲಿ ಹೊಸ ಪೌರತ್ವ ಕಾಯ್ದೆ, 1988ರಲ್ಲಿ ಸೆನ್ಸಸ್, ಆ ಸೆನ್ಸಸ್‌ನಲ್ಲಿ 1958ರ ಕಂದಾಯದ ರಸೀದಿ ತೋರಿಸು ಅಂದ್ರಂತೆ. ನಮ್ಮಪ್ಪನ್ನ ಹೋದ ವರ್ಷದ ಪಹಣಿ ಕೇಳಿದ್ರೇ ಅರ್ಧ ದಿನ ಹುಡುಕ್ತಾರೆ. ಆಮೇಲೆ ಎಲ್ಲರೂ ಭೂತಾನಿ ಡ್ರೆಸ್ಸೇ ಹಾಕ್ಬೇಕು, ಸ್ಕೂಲಲ್ಲಿ ನೇಪಾಳಿ ಬಂದ್, 1990ರಲ್ಲಿ ಪ್ರತಿಭಟನೆ, ಅದರ ಹಿಂದೆ ಪೊಲೀಸು ಮಿಲಿಟರಿ. ಹೀಗೆ ಹೊರಬಿದ್ದು ನೇಪಾಳದ ಕ್ಯಾಂಪ್ ಸೇರಿದವರೇ ಕೊನೆಗೆ ಲಕ್ಷ ದಾಟಿದ್ರು. ಭಾರತದೊಳಗೆ ಬಂದವರನ್ನ ಲಾರಿಗೆ ತುಂಬಿ ನೇಪಾಳದ ಗಡಿ ದಾಟಿಸಿದ್ರು ಅಂತಾರೆ ಬಾಜೆ, ಈ ಭಾಗ ಹೇಳೋವಾಗ ಮಾತ್ರ ನಾನು ನೆಲ ನೋಡ್ಕೊಂಡು ಕೂತಿರ್ತೀನಿ. ಝಾಪಾ ಜಿಲ್ಲೆಯ ಬೆಲ್ದಂಗಿ ಕ್ಯಾಂಪಲ್ಲಿ ಬಿದಿರಿನ ಗುಡಿಸಲು, ಅಲ್ಲಿ ಹದಿನೆಂಟು ವರ್ಷ. ನೇಪಾಳ, ಭೂತಾನ್ ಎರಡೂ ದೇಶದೋರು ಮಾತುಕತೆ ಮೇಲೆ ಮಾತುಕತೆ ಮಾಡಿದ್ರು, ಒಬ್ಬರೂ ವಾಪಸ್ ಹೋಗ್ಲಿಲ್ಲ. 2007ರ ಕೊನೆಯಿಂದ ಬೇರೆ ದೇಶಗಳು ಕರ್ಕೊಳ್ಳೋಕೆ ಶುರು ಮಾಡಿದ್ವು, ಅಮೆರಿಕ ಒಂದೇ 90 ಸಾವಿರಕ್ಕಿಂತ ಹೆಚ್ಚು ಜನನ್ನ ತಗೊಳ್ತು.

ಬಂದ ತಕ್ಷಣ ಸಿಕ್ಕಿದ್ದು ಏನು ಗೊತ್ತಾ, ಸಾಲ. ವಿಮಾನದ ಟಿಕೆಟ್ ದುಡ್ಡು ಫ್ರೀ ಅಲ್ಲ ಸ್ವಾಮಿ, ಬಡ್ಡಿ ಇಲ್ಲ ಅಷ್ಟೇ, ಬಂದ ಕೆಲವೇ ತಿಂಗಳಲ್ಲಿ ಕಂತು ಶುರು, ಮನೇಲಿ ಐದು ಜನ ಇದ್ರೆ ಐದೂ ಟಿಕೆಟ್. ರೆಫ್ಯೂಜಿಗಳಿಗೆ ನೆಲೆ ಮಾಡಿಕೊಡೋ ಏಜೆನ್ಸಿಯೋರು ಮನೆ ಹುಡುಕಿ ಹಾಸಿಗೆ ಪಾತ್ರೆ ಕೊಟ್ಟು 90 ದಿನ ನೋಡ್ಕೊಂಡ್ರು, ಆಮೇಲೆ ಕೆಲಸ ಹುಡುಕ್ಕೊಂಡು ನಿಮ್ಮ ಕಾಲ ಮೇಲೆ ನಿಂತ್ಕೊಳ್ಳಿ ಅಂತ. ಬಾಜೆ ಮಗ ಏರ್‌ಪೋರ್ಟ್ ಕಡೆ ವೇರ್‌ಹೌಸಲ್ಲಿ ನೈಟ್ ಶಿಫ್ಟು, ಸೊಸೆ ಹೋಟೆಲ್ ರೂಮ್ ಕ್ಲೀನಿಂಗು, ಒಂದೇ ವ್ಯಾನಲ್ಲಿ ಎಂಟು ಜನ ಹೋಗೋರು. ಮನೆಯಲ್ಲಿ ಉಳಿದವರು ಮುದುಕರು ಮಾತ್ರ, ಫೋನ್ ರಿಂಗ್ ಆದ್ರೆ ಎತ್ತೋಕೆ ಭಯ, ಬಸ್ ನಂಬರ್ ಓದೋಕೆ ಬರಲ್ಲ. ಬಾಜೆ ಹುಟ್ಟಿದ ತಾರೀಖು ಕಾಗದದಲ್ಲಿ ಜನವರಿ 1, ಅಜ್ಜಿದೂ ಜನವರಿ 1, ಪಕ್ಕದ ಮನೆಯೋರದೂ ಜನವರಿ 1. ಇದಕ್ಕೆ ನಾನು ಜೋರಾಗಿ ನಕ್ಕುಬಿಟ್ಟೆ, ಯಾಕಂದ್ರೆ ನಮ್ಮೂರ ಹೆಡ್‌ಮೇಷ್ಟ್ರು ಇಡೀ ಕ್ಲಾಸಿಗೆ ಜೂನ್ 1 ಬರೆದಿದ್ರು, ನಂದೂ ಅದೇ.

ಇನ್ನೊಂದು ವಿಷಯ ನಮ್ಮೋರಿಗೆ ಯಾರಿಗೂ ಗೊತ್ತಿಲ್ಲ. ವಯಸ್ಸಾದ ರೆಫ್ಯೂಜಿಗಳಿಗೆ ಸರ್ಕಾರ ಕೊಡೋ ಎಸ್‌ಎಸ್‌ಐ ದುಡ್ಡು ಏಳು ವರ್ಷ ಮಾತ್ರ. ಅಷ್ಟರೊಳಗೆ ಸಿಟಿಜನ್ ಆದ್ರೆ ಸರಿ, ಇಲ್ಲಾಂದ್ರೆ ನಿಂತುಹೋಗುತ್ತೆ. ಸಿಟಿಜನ್ ಆಗ್ಬೇಕಾದ್ರೆ ಇಂಗ್ಲಿಷ್ ಓದ್ಬೇಕು ಬರೀಬೇಕು, ಜೊತೆಗೆ ಆಗಿನ ನಿಯಮದಲ್ಲಿ ಅಮೆರಿಕದ ಬಗ್ಗೆ ನೂರು ಪ್ರಶ್ನೆ ಕಲ್ತು ಅದರಲ್ಲಿ ಹತ್ತು ಕೇಳಿದ್ರೆ ಆರಾದ್ರೂ ಸರಿ ಹೇಳ್ಬೇಕಿತ್ತು. ನೇಪಾಳಿನೇ ಓದೋಕೆ ಬರದ ಎಪ್ಪತ್ತರ ಮುದುಕ, ಮೆಟ್ಟಿಲ ಹತ್ರ ಬಕೆಟ್‌ಗಳಲ್ಲಿ ರಾಯೋ ಸಾಗ್ (ನಮ್ಮ ಸಾಸಿವೆ ಸೊಪ್ಪಿನ ಅಣ್ಣ ಅದು) ಬೆಳೆಸ್ಕೊಂಡು, ಅದಕ್ಕೆ ನೀರು ಹಾಕ್ತಾ ಹಾಕ್ತಾ ಮೊಮ್ಮಗಳು ರೆಕಾರ್ಡ್ ಮಾಡಿಕೊಟ್ಟ ಫೋನ್ ಕೇಳಿ "ಅಟ್ಲಾಂಟಿಕ್ ಓಸನ್, ಅಟ್ಲಾಂಟಿಕ್ ಓಸನ್" ಅಂತ ಜಪ ಮಾಡೋರು. ಎರಡು ಸಲ ಫೇಲು. ಮೂರನೇ ಸಲ ಪಾಸಾಗಿದ್ದಕ್ಕೇ ಆ ಸೆಲ್ ರೋಟಿ. ಆಮೇಲೆ ಒಂದಿನ ಆ ಬಕೆಟ್‌ಗಳನ್ನೂ ತೆಗೀಬೇಕು ಅಂತ ಅಪಾರ್ಟ್‌ಮೆಂಟ್ ಆಫೀಸಿಂದ ಬಾಗಿಲಿಗೆ ನೋಟಿಸ್ ಅಂಟಿಸಿದ್ರು, ಆವತ್ತು ಮಾತ್ರ ಅವರು ಊಟ ಮಾಡ್ಲಿಲ್ಲ.

ಇಲ್ಲೇ ನನಗೆ ಊರು ನೆನಪಾಗೋದು. ನಂದು ಪಿರಿಯಾಪಟ್ಟಣ ತಾಲ್ಲೂಕು, ಬೈಲಕುಪ್ಪೆ ಟಿಬೆಟನ್ ಕ್ಯಾಂಪ್ ಪಕ್ಕ. 1960-61ರಲ್ಲಿ ಆಗಿನ ಮೈಸೂರು ರಾಜ್ಯ ಅವರಿಗೆ ಸುಮಾರು 3 ಸಾವಿರ ಎಕರೆ ಕೊಡ್ತು. ಕೊಟ್ಟಿದ್ದು ಕಾಡು, ಸುಖವಾಗೇನೂ ಇರ್ಲಿಲ್ಲ, ಆನೆ ಕಾಟ, ಸೆಕೆ, ಕಾಯಿಲೆ, ಮೊದಲು ಬಂದೋರು ಎಷ್ಟೋ ಜನ ಹೋಗ್ಬಿಟ್ರು. ಆದ್ರೆ ಒಟ್ಟಿಗೆ ಇಟ್ರು ನೋಡಿ. ಅವರದೇ ಸ್ಕೂಲು, ಸೊಸೈಟಿ, ಗೊಂಪ, ಮುಸುಕಿನ ಜೋಳದ ಹೊಲ. ಅಲ್ಲಿನ ಅಜ್ಜಿಯರು ಮಣಿಚಕ್ರ ತಿರುಗಿಸ್ಕೊಂಡು ಅವರ ಭಾಷೇಲೇ ಮಾತಾಡ್ಕೊಂಡು ಮುದುಕರಾದ್ರು, ಯಾರೂ ಅವರಿಗೆ ಭಾರತದ ಮೊದಲ ಪ್ರಧಾನಿ ಯಾರು ಅಂತ ಪರೀಕ್ಷೆ ಮಾಡ್ಲಿಲ್ಲ. ಸಂತೇಲಿ ಸಿಕ್ಕಿದ್ರೆ "ಏನ್ ಸಾರ್, ಮಳೆ ಇಲ್ಲ" ಅನ್ನೋಷ್ಟು ಕನ್ನಡ ತಾನಾಗೇ ಬಂತು.

ಹಂಗಂತ ನಾವೇ ದೊಡ್ಡೋರು ಅಂತ ಎದೆ ತಟ್ಕೊಳ್ಳೋ ಹಾಗಿಲ್ಲ. ನನ್ನ ತಮ್ಮನ ಕ್ಲಾಸ್‌ಮೇಟ್ ಒಬ್ಬ, 1990ರಲ್ಲಿ ಕುಶಾಲನಗರದಲ್ಲೇ ಹುಟ್ಟಿದೋನು, ನನ್ನ ಮಕ್ಕಳಿಗಿಂತ ಚೆನ್ನಾಗಿ ಕನ್ನಡ ಮಾತಾಡ್ತಾನೆ, ಅವನು ಇವತ್ತಿಗೂ ಕಾಗದದಲ್ಲಿ ಫಾರಿನರ್. ಆರ್‌ಸಿ (ವಿದೇಶಿಯರ ನೋಂದಣಿ ಪತ್ರ) ರಿನ್ಯೂ ಮಾಡಿಸ್ಬೇಕು, ವಿದೇಶಕ್ಕೆ ಹೋಗ್ಬೇಕಾದ್ರೆ ಪಾಸ್‌ಪೋರ್ಟ್ ಬದಲು ಹಳದಿ ಪುಸ್ತಕ, ಹೊಲ ಅವನ ಹೆಸರಲ್ಲಿಲ್ಲ. 1987ರ ಜುಲೈಗೆ ಮುಂಚೆ ಇಲ್ಲೇ ಹುಟ್ಟಿದೋರು ಹುಟ್ಟಿನಿಂದಲೇ ಭಾರತೀಯರು ಅಂತ ದೆಹಲಿ ಹೈಕೋರ್ಟ್ 2010ರಲ್ಲೇ ಹೇಳಿದೆ, ಇವನು ಮೂರು ವರ್ಷ ಲೇಟಾಗಿ ಹುಟ್ಟಿದ. ಅದೇ ಬಾಜೆ ಮೊಮ್ಮಗಳು ಇಲ್ಲಿ ನರ್ಸಿಂಗ್ ಮುಗಿಸಿ ವೋಟು ಹಾಕ್ತಾಳೆ, ಯಾರೂ ಅವಳನ್ನ ಏನೂ ಕೇಳಲ್ಲ.

ಅಮೆರಿಕದೋರು ಈ ಭೂತಾನಿ ರೆಫ್ಯೂಜಿಗಳನ್ನ ಟೆಕ್ಸಾಸ್‌ಗೆ ಇಷ್ಟು, ಜಾರ್ಜಿಯಾಗೆ ಇಷ್ಟು, ಅರಿಜೋನಾಗೆ ಇಷ್ಟು ಅಂತ ರಾಗಿ ಚೆಲ್ಲಿದ ಹಾಗೆ ಚೆಲ್ಲಿದ್ರು. ಅಮೆರಿಕದ ಸರ್ಕಾರಿ ಆರೋಗ್ಯ ಸಂಸ್ಥೆ ಸಿಡಿಸಿಯೋರು ಲೆಕ್ಕ ಹಾಕಿದಾಗ 2009-12ರಲ್ಲಿ ಇವರಲ್ಲಿ ಆತ್ಮಹತ್ಯೆ ಪ್ರಮಾಣ ಲಕ್ಷಕ್ಕೆ 20.3, ಇಡೀ ಅಮೆರಿಕದ್ದು 12ರ ಆಸುಪಾಸು. ಹಂಗೆ ಚೆಲ್ಲಿದ್ದೊಂದೇ ಕಾರಣ ಅಂತ ನಾನು ಹೇಳಲ್ಲ, ಕೆಲಸ ಇಲ್ಲ, ಭಾಷೆ ಇಲ್ಲ, ಮಾತಾಡೋಕೆ ಮನುಷ್ಯರೂ ಇಲ್ಲ ಅಂದ್ರೆ ಯಾರಾದ್ರೂ ಎಷ್ಟು ದಿನ ತಡ್ಕೋತಾರೆ. ಆಮೇಲೆ ಅವರೇ ಫೋನ್ ಮಾಡ್ಕೊಂಡು, ಓಹಾಯೋಲಿ ಬಾಡಿಗೆ ಕಮ್ಮಿ, ವೇರ್‌ಹೌಸ್ ಕೆಲಸ ಇದೆ, ಭಾವ ಅಲ್ಲಿದಾನೆ ಅಂತ ಬಂದು ಸೇರ್ಕೊಂಡ್ರು. ಈಗ ಕೊಲಂಬಸ್, ಆಕ್ರನ್ ಎರಡರಲ್ಲೂ ದೊಡ್ಡ ಗುಂಪೇ ಇದೆ. ಸರ್ಕಾರ ಕೊಡದ ಬೈಲಕುಪ್ಪೆನ ತಾವೇ ಕಟ್ಕೊಂಡ್ರು ಅಂತ ನಾನಂತೀನಿ, ಅಂಗಡೀಲಿ ಗುಂದ್ರುಕ್ (ಹುದುಗಿಸಿ ಒಣಗಿಸಿದ ಸೊಪ್ಪು) ಸಿಗುತ್ತೆ, ದಸೈಂಗೆ, ಅಂದ್ರೆ ಅವರ ದಸರಾಗೆ, ಟೀಕಾ ಇಡೋಕೆ ಹಿರಿಯರು ಇದಾರೆ.

2025ರ ಮಾರ್ಚಿಂದ ಈ ಕಾಗದದ ಮೇಲೂ ನಂಬಿಕೆ ಅಲ್ಲಾಡಿದೆ. ಸಿಟಿಜನ್ ಆಗದ, ಹಳೇ ಪೊಲೀಸ್ ಕೇಸ್ ಇದ್ದ ಕೆಲವರನ್ನ ಭೂತಾನಿಗೇ ಡಿಪೋರ್ಟ್ ಮಾಡಿದ್ರು, ಭೂತಾನ್ ಅವರನ್ನ ಭಾರತದ ಗಡಿಗೆ ಬಿಟ್ತು, ಅಲ್ಲಿಂದ ಸುತ್ತಿ ಮತ್ತೆ ಬೆಲ್ದಂಗಿಗೇ ಹೋದೋರೂ ಇದಾರೆ. ಬಾಜೆಗೆ ಅದರ ಭಯ ಇಲ್ಲ, ಆದ್ರೂ ಆ ಸಿಟಿಜನ್‌ಶಿಪ್ ಸರ್ಟಿಫಿಕೇಟನ್ನ ಪ್ಲಾಸ್ಟಿಕ್ ಕವರಲ್ಲಿ ಹಾಕಿ ಅಂಗಿ ಒಳಗೆ ಇಟ್ಕೊಂಡು ತರಕಾರಿ ಅಂಗಡಿಗೆ ಹೋಗೋಕೆ ಶುರು ಮಾಡಿದ್ರು. ಕಳ್ದುಹೋದ್ರೆ ಗತಿ ಏನು ಬಾಜೆ, ಪಾಸ್‌ಪೋರ್ಟ್ ಕಾರ್ಡ್ ಮಾಡಿಸಿ, ಜೇಬಲ್ಲಿ ಇಟ್ಕೋಬೋದು ಅಂದೆ. ಶನಿವಾರ ನಾನೇ ಕೂತು ಫಾರ್ಮ್ ತುಂಬಿದೆ. ಹುಟ್ಟಿದ ತಾರೀಖು, ಇಬ್ಬರೂ ಒಂದ್ಸಲ ನಕ್ವಿ. ಹುಟ್ಟಿದ ಸ್ಥಳ ಅನ್ನೋ ಕಡೆ ಚಿರಾಂಗ್ ಬರಿ ಬಾಬು ಅಂದ್ರು. ಫೋನಲ್ಲಿ ನೋಡಿದೆ, ಭೂತಾನ್ ಸರ್ಕಾರ ಈಗ ಅದನ್ನ ತ್ಸಿರಾಂಗ್ ಅಂತ ಬರೆಯುತ್ತೆ, ಹಂಗೇ ಬರೀಲಾ ಬಾಜೆ ಅಂದೆ. ಅವರು ಸುಮಾರು ಹೊತ್ತು ಆ ಚೌಕ ನೋಡಿದ್ರು, ನಾನು ಹುಟ್ಟಿದ್ದು ಚಿರಾಂಗಲ್ಲಿ ಅಂದ್ರು. ಚಿರಾಂಗ್ ಅಂತಲೇ ಬರೆದೆ.