ತಕ್ಕಡಿ ಹತ್ತಿಸಿ ಸ್ವಾಮಿ

ಬೆಟ್ಟದಪುರದ ಮೂಳೆ ಕೇಸು ನಿಮಗೆಲ್ಲ ಗೊತ್ತಿರೋದೇ. ಹೆಂಡತಿ ಕಾಣೆಯಾಗಿದ್ದಳು. ಸಿಕ್ಕ ಮೂಳೆ ಅವಳದ್ದೇ, ಕೊಂದವನು ಗಂಡನೇ ಅಂತ ಪೊಲೀಸರು ಹೇಳಿ, ಗಂಡ ಜೈಲು ಸೇರಿದ. ಚಾರ್ಜ್‌ಶೀಟೂ ಆಯ್ತು. ಮೂಳೆಯ ಡಿಎನ್‌ಎ ಹೊಂದಲಿಲ್ಲ. 2025ರ ಏಪ್ರಿಲ್ 1ರಂದು ಹೆಂಡತಿ ಮಡಿಕೇರಿಯ ಹೋಟೆಲಿನಲ್ಲಿ ಕಣ್ಣಿಗೆ ಬಿದ್ದಳು. ತಾರೀಖು ನಾನು ಆರಿಸಿದ್ದಲ್ಲ. ಎಂಥಾ ದಕ್ಷತೆ ನೋಡಿ! ಬೇರೆ ಕಡೆ ಕೊಲೆ ಆದರೂ ಕೊಲೆಗಾರ ಸಿಗೋದಿಲ್ಲ. ನಮ್ಮವರು ಹೆಂಡತಿ ಬದುಕಿರುವಾಗಲೇ ಹಿಡಿದುಬಿಟ್ಟರು.

ಹಿಂದಿನವರು ಇಷ್ಟು ಜಾಣರಾಗಿರಲಿಲ್ಲ. ಹಳೇ ಧರ್ಮಶಾಸ್ತ್ರ ಯಾಜ್ಞವಲ್ಕ್ಯ ಸ್ಮೃತಿಯಲ್ಲಿ, ಆರೋಪಿ ತಪ್ಪು ಮಾಡಿದ್ದಾನೋ ಇಲ್ಲವೋ ನೋಡೋಕೆ ತಕ್ಕಡಿ, ಬೆಂಕಿ, ನೀರು, ವಿಷ, ದೇವರನ್ನು ತೊಳೆದ ನೀರು, ಹೀಗೆ ಪರೀಕ್ಷೆಗಳಿವೆ. ತಕ್ಕಡಿಯಲ್ಲಿ ಒಮ್ಮೆ ತೂಗಿ, ಎರಡನೇ ಸಲ ಕೂತಾಗ ಮೇಲೆ ಹೋದರೆ ನಿರ್ದೋಷಿ. ಇದನ್ನು ಮಂಡ್ಯ ಕಡೆ ತಂದರೆ ಭಾರೀ ಅನುಕೂಲ. ಕಬ್ಬಿನ ಫ್ಯಾಕ್ಟರಿಯಲ್ಲಿ ಲಾರಿ ತೂಗೋ ವೇಬ್ರಿಡ್ಜ್ ಮೇಲೆ ನಿಲ್ಲಿಸಿ ಸಾಕು. ಅಲ್ಲಿ ಯಾವುದು ತಾನೇ ಹಗುರ ಆಗಿಲ್ಲ? ಇಡೀ ಜಿಲ್ಲೆ ಖುಲಾಸೆ. ಕಳ್ಳತನಕ್ಕಂತೂ ಅಕ್ಕಿ ಅಗಿಸುತ್ತಿದ್ದರು. ಉಗುಳು ಕೆಂಪಾದರೆ ಕಳ್ಳ. ಎಲೆ ಅಡಿಕೆ ಹಾಕುವ ನಮ್ಮ ಅಜ್ಜಿಯಂದಿರೆಲ್ಲ ಒಳಗೇ.

ಯುರೋಪಿನಲ್ಲಿ ಕಾದ ಕಬ್ಬಿಣ ಹಿಡಿಸಿ, ದೇವರೇ ತೀರ್ಪು ಹೇಳ್ತಾನೆ ಅಂತಿದ್ದರು. 1215ರಲ್ಲಿ ಪೋಪ್, ಪಾದ್ರಿಗಳು ಇದಕ್ಕೆ ಕೈಹಾಕಬಾರದು ಅಂದ. ಸರಿ, ದೇವರು ಹೇಳದಿದ್ದರೆ ಆರೋಪಿಯೇ ಹೇಳಲಿ ಅಂತ ಹಿಂಸೆ ಕೊಟ್ಟು ಬಾಯಿ ಬಿಡಿಸೋ ಕಸುಬು ಜೋರಾಯ್ತು.

ನಮ್ಮಲ್ಲೂ ಕರುಣೆಗೇನು ಕಮ್ಮಿಯಿಲ್ಲ. ಭಾನುವಾರ ಶ್ರೀರಂಗಪಟ್ಟಣದ ಹಳೇ ಸೆರೆಮನೆ, ಬೈಲಿ ಡಂಜನ್‌ಗೆ ಹೋಗಿ. ಕೈದಿಗಳನ್ನು ಕಟ್ಟುತ್ತಿದ್ದ ಕಲ್ಲಿಗೆ ಕೈ ಕೊಟ್ಟು ಸೆಲ್ಫಿ, ಆಮೇಲೆ 'ಅಯ್ಯೋ ಪಾಪ'. ಅದೇ ಜನ ಊರಿಗೆ ಬಂದು, ಸ್ಟೇಷನ್ನಿನಲ್ಲಿರೋ ಹುಡುಗನಿಗೆ 'ಏರೋಪ್ಲೇನ್ ಹತ್ತಿಸಿ ಸಾರ್, ತಾನಾಗೇ ಬಾಯಿ ಬಿಡ್ತಾನೆ' ಅಂತಾರೆ. ಏರೋಪ್ಲೇನ್ ಅಂದರೆ ಕೈ ಕಟ್ಟಿ ನೇತುಹಾಕೋದು.

ಪೊಲೀಸರ ಮುಂದೆ ಒಪ್ಪಿಕೊಂಡಿದ್ದು ಕೋರ್ಟಿನಲ್ಲಿ ಸಾಕ್ಷಿ ಆಗಲ್ಲ ಅಂತ 1872ರ ಸಾಕ್ಷ್ಯ ಕಾಯ್ದೆಯಲ್ಲೇ ಇತ್ತು. ಬ್ರಿಟಿಷರಿಗೇ ತಮ್ಮ ಪೊಲೀಸರ ಮೇಲೆ ಅಷ್ಟು ನಂಬಿಕೆ! ಪ್ರತಿ ಸ್ಟೇಷನ್ನಿಗೂ ಕ್ಯಾಮೆರಾ ಹಾಕಿ ಅಂತ ಸುಪ್ರೀಂ ಕೋರ್ಟ್ 2020ರಲ್ಲಿ ಹೇಳಿತು. ಚಿತ್ರಹಿಂಸೆ ವಿರುದ್ಧದ ವಿಶ್ವಸಂಸ್ಥೆ ಒಪ್ಪಂದಕ್ಕೆ ಭಾರತ 1997ರಲ್ಲಿ ಸಹಿ ಹಾಕಿತು. ಅನುಮೋದನೆ ಮಾತ್ರ ಇನ್ನೂ ಆಗಿಲ್ಲ. ಪೆನ್ನಿನ ಇಂಕು ಮುಗಿದಿರಬೇಕು.

ಸಾಕಾಗಿದೆ ಸ್ವಾಮಿ. ಆ ಮೂಳೆ ಕೇಸಿನ ಗಂಡ, ಒಬ್ಬ ಬಡವ, ಅವನ ಬದುಕಿನ ಒಂದು ವರ್ಷಕ್ಕೂ ಜಾಸ್ತಿ ಜೈಲಿನಲ್ಲಿ ಹೋಯ್ತು. ಅವನಿಗೆ ಗೃಹ ಇಲಾಖೆ 1 ಲಕ್ಷ ರೂಪಾಯಿ ಕೊಡಬೇಕು ಅಂತ ಮೈಸೂರಿನ ಕೋರ್ಟ್ ಹೇಳಿತು. ಇಲಾಖೆ ದುಡ್ಡು ಅಂದರೆ ಯಾರದ್ದು? ನಿಮ್ಮದು, ನನ್ನದು, ಬೆಂಕಿಪೊಟ್ಟಣಕ್ಕೂ ತೆರಿಗೆ ಕಟ್ಟಿದ ಆ ಬಡವನದ್ದೂ.